ಮತದಾರನೂ ಪಕ್ಷದ ನಂಟೂ

ಮತ ಹಾಕುವ ಕಾರ್ಯವು ಕ್ಷಣಮಾತ್ರದ್ದು. ಮತಗಟ್ಟೆಯನ್ನು ಹೊಕ್ಕು, ಬೆರಳಿಗೆ ಶಾಯಿಯ ಗುರುತು ಹಾಕಿಸಿಕೊಂಡು, ಯಂತ್ರದ ಗುಂಡಿಯನ್ನೊತ್ತಿ ಹೊರಗೆ ಬರುವುದಕ್ಕೆ ಕೆಲವೇ ನಿಮಿಷಗಳು ಸಾಕು. ಆದರೆ ಆ ಬೆರಳು ಇಂಥದೇ ಗುಂಡಿಯ ಕಡೆಗೆ ಸರಿಯುವುದಕ್ಕೆ ಹಿಂದೆ ಅನೇಕ ವರ್ಷಗಳ, ಕೆಲವೊಮ್ಮೆ ಎರಡು ಮೂರು ತಲೆಮಾರುಗಳ ಸಿದ್ಧತೆ ನಡೆದಿರುತ್ತದೆ. ಆ ಸಿದ್ಧತೆಯ ಸ್ವರೂಪವನ್ನು ಅರಿತುಕೊಳ್ಳುವುದೇ ಈ ಲೇಖನದ ಉದ್ದೇಶ.

“ನಾವು ಮೊದಲಿನಿಂದಲೂ ಆ ಪಕ್ಷದವರು” ಎಂಬ ಮಾತನ್ನು ಹಿರಿಯರ ಬಾಯಲ್ಲಿ ಆಗಾಗ ಕೇಳುತ್ತೇವೆ. ಹಾಗೆ ನುಡಿಯುವವರಲ್ಲಿ ಹೆಚ್ಚಿನವರು ಆ ಪಕ್ಷದ ಸದಸ್ಯರಾಗಿರುವುದಿಲ್ಲ. ಅದಕ್ಕೆ ವರ್ಗಣಿ ಕೊಟ್ಟಿರುವುದಿಲ್ಲ. ಅದರ ಸಭೆಗಳಿಗೆ ಹೋದವರೂ ವಿರಳ. ಆದರೂ ಅವರು ‘ನಾವು’ ಎನ್ನುತ್ತಾರೆ. ಪಕ್ಷ ಗೆದ್ದರೆ ‘ಗೆದ್ದೆವು’ ಎಂದು ಹಿಗ್ಗುತ್ತಾರೆ. ಸೋತರೆ ಮನೆಯಲ್ಲಿ ಏನೋ ಕೆಟ್ಟುದಾದಂತೆ ಕುಗ್ಗುತ್ತಾರೆ. ಈ ‘ನಾವು’ ಎಲ್ಲಿಂದ ಬಂದಿತು? ಹೇಗೆ ನಿಂತಿತು? ಯಾವಾಗ ಬದಲಾಗುತ್ತದೆ? ೧೯೮೯ರಲ್ಲಿ ಜಾರಿಗೆ ಬಂದ ಸಂವಿಧಾನದ ೬೧ನೆಯ ತಿದ್ದುಪಡಿಯಿಂದ ಮತದಾನದ ವಯಸ್ಸು ೨೧ರಿಂದ ೧೮ಕ್ಕೆ ಇಳಿದಿದೆ. ನಮ್ಮ ಶಾಲೆಯ ಮೇಲ್ತರಗತಿಯ ವಿದ್ಯಾರ್ಥಿಗಳು ಇನ್ನೆರಡು ಮೂರು ವರ್ಷಗಳಲ್ಲಿ ಮತದಾರರಾಗತಕ್ಕವರು. ಆದುದರಿಂದ ಈ ಪ್ರಶ್ನೆಗಳು ಅವರಿಗೆ ಪರೀಕ್ಷೆಯ ಪ್ರಶ್ನೆಗಳಿಗಿಂತ ಕಡಮೆ ಸಮೀಪದವಲ್ಲ.

ನಂಟು ಎಂದರೇನು?

ರಾಜ್ಯಶಾಸ್ತ್ರಜ್ಞರು ಈ ಭಾವವನ್ನು ಪಕ್ಷತಾದಾತ್ಮ್ಯವೆಂದು ಕರೆಯುತ್ತಾರೆ. ನಾವು ಸುಲಭವಾಗಿ ‘ಪಕ್ಷದ ನಂಟು’ ಎನ್ನೋಣ. ಇದು ಸದಸ್ಯತ್ವಕ್ಕಿಂತ ಬೇರೆ. ಒಂದು ಚುನಾವಣೆಯಲ್ಲಿ ಹಾಕಿದ ಮತಕ್ಕಿಂತಲೂ ಬೇರೆ. ಮಗನು ತಂದೆಯೊಡನೆ ಒಂದು ದಿನ ಜಗಳವಾಡಿದ ಮಾತ್ರಕ್ಕೆ ಆ ಮನೆಯವನಲ್ಲದೆ ಹೋಗುವುದಿಲ್ಲ. ಹಾಗೆಯೇ ಮತದಾರನು ಒಮ್ಮೆ ಬೇರೆಯವರಿಗೆ ಮತ ಹಾಕಿದ ಮಾತ್ರಕ್ಕೆ ಅವನ ನಂಟು ಕಡಿಯಿತೆಂದು ತಿಳಿಯಬಾರದು.

ಈ ವಿಷಯದ ಶಾಸ್ತ್ರೀಯ ಅಧ್ಯಯನಕ್ಕೆ ಅಡಿಪಾಯ ಹಾಕಿದವರು ಅಮೆರಿಕದ ಮಿಶಿಗನ್ ವಿಶ್ವವಿದ್ಯಾಲಯದ ನಾಲ್ವರು ವಿದ್ವಾಂಸರು: ಆಂಗಸ್ ಕ್ಯಾಂಪ್‌ಬೆಲ್, ಫಿಲಿಪ್ ಕಾನ್ವರ್ಸ್, ವಾರೆನ್ ಮಿಲ್ಲರ್ ಮತ್ತು ಡೊನಾಲ್ಡ್ ಸ್ಟೋಕ್ಸ್. ‘ದಿ ಅಮೆರಿಕನ್ ವೋಟರ್’ ಎಂಬ ಅವರ ಗ್ರಂಥವು ೧೯೬೦ರಲ್ಲಿ ಪ್ರಕಟವಾಯಿತು. ಯಾರಿಗೆ ಮತ ಹಾಕುವಿರಿ ಎಂದಷ್ಟೇ ಕೇಳಿ ಅವರು ತೃಪ್ತರಾಗಲಿಲ್ಲ. ಸಾಮಾನ್ಯವಾಗಿ ನಿಮ್ಮನ್ನು ನೀವು ಯಾವ ಪಕ್ಷದವರೆಂದು ಭಾವಿಸಿಕೊಳ್ಳುತ್ತೀರಿ ಎಂದೂ ಕೇಳಿದರು. ನಾಲ್ವರಲ್ಲಿ ಸುಮಾರು ಮೂವರು ತಮ್ಮನ್ನು ಡೆಮಾಕ್ರಟರೆಂದೋ ರಿಪಬ್ಲಿಕನರೆಂದೋ ಹೇಳಿಕೊಂಡರು.

ಈ ಎರಡು ಪ್ರಶ್ನೆಗಳ ಭೇದವು ೧೯೫೨ರ ಚುನಾವಣೆಯಲ್ಲಿ ಸ್ಪಷ್ಟವಾಯಿತು. ಆ ವರ್ಷ ತಮ್ಮನ್ನು ಡೆಮಾಕ್ರಟರೆಂದು ಕರೆದುಕೊಂಡವರು ನೂರಕ್ಕೆ ಸುಮಾರು ೪೭ ಮಂದಿ. ರಿಪಬ್ಲಿಕನರೆಂದವರು ಸುಮಾರು ೨೮ ಮಂದಿ. ಆದರೂ ಗೆದ್ದವರು ರಿಪಬ್ಲಿಕನ್ ಪಕ್ಷದ ಉಮೇದುವಾರರಾದ ಸೇನಾನಿ ಐಸೆನ್‌ಹೋವರ್. ಎರಡನೆಯ ಮಹಾಯುದ್ಧದ ವೀರನೆಂಬ ಕೀರ್ತಿಯು ಅನೇಕ ಡೆಮಾಕ್ರಟರ ಮತವನ್ನು ಸೆಳೆಯಿತು, ನಂಟನ್ನು ಕಡಿಯಲಿಲ್ಲ. ಎರಡೇ ವರ್ಷಗಳ ತರುವಾಯ, ೧೯೫೪ರಲ್ಲಿ, ಅದೇ ಮತದಾರರು ಕಾಂಗ್ರೆಸ್ ಎಂಬ ಅಲ್ಲಿಯ ಶಾಸನಸಭೆಯ ಎರಡೂ ಮನೆಗಳಲ್ಲಿ ಡೆಮಾಕ್ರಟರಿಗೆ ಬಹುಮತವನ್ನು ಕೊಟ್ಟರು. ಹೊಳೆಯ ನೀರು ಗಾಳಿಗೆ ಅಲೆಯಾಗಿ ಅತ್ತಿತ್ತ ಹೊಯ್ದಾಡಿದರೂ ಹರಿಯುವ ದಿಕ್ಕು ಪಾತ್ರವನ್ನು ಅನುಸರಿಸುತ್ತದೆ. ಮತವು ಅಲೆಯಂತೆ, ನಂಟು ಪಾತ್ರದಂತೆ.

ನಂಟು ಹುಟ್ಟುವ ಬಗೆ

ನಂಟಿನ ಮೊದಲ ಪಾಠಶಾಲೆ ಮನೆ. ಮಗುವಿಗೆ ಪಕ್ಷದ ಧ್ಯೇಯಧೋರಣೆಗಳು ತಿಳಿಯುವುದಕ್ಕೆ ಮುಂಚೆಯೇ ಅದರ ಹೆಸರು ಕಿವಿಗೆ ಬಿದ್ದಿರುತ್ತದೆ. ಊಟದ ಹೊತ್ತಿನಲ್ಲಿ ತಂದೆಯು ಒಬ್ಬ ನಾಯಕನನ್ನು ಕುರಿತು ಆಡುವ ಮಾತಿನ ಧ್ವನಿಯೇ ಅದಕ್ಕೆ ಪಾಠ. ೧೯೬೫ರಲ್ಲಿ ಕೆಂಟ್ ಜೆನ್ನಿಂಗ್ಸ್ ಎಂಬವರು ಅಮೆರಿಕದ ಪ್ರೌಢಶಾಲೆಗಳ ಕೊನೆಯ ತರಗತಿಯ ವಿದ್ಯಾರ್ಥಿಗಳನ್ನೂ ಅವರ ತಂದೆತಾಯಿಗಳನ್ನೂ ಬೇರೆ ಬೇರೆಯಾಗಿ ಪ್ರಶ್ನಿಸಿ, ರಿಚರ್ಡ್ ನೀಮಿಯವರೊಡನೆ ಆ ಉತ್ತರಗಳನ್ನು ಹೋಲಿಸಿದರು. ರಾಜಕೀಯದ ಅನೇಕ ವಿಷಯಗಳಲ್ಲಿ ತಂದೆತಾಯಿಗಳಿಗೂ ಮಕ್ಕಳಿಗೂ ಅಷ್ಟೇನೂ ಸಾಮ್ಯವಿರಲಿಲ್ಲ. ಪಕ್ಷದ ವಿಷಯದಲ್ಲಿ ಮಾತ್ರ ಅರ್ಧಕ್ಕಿಂತ ಹೆಚ್ಚಿನ ಮಕ್ಕಳು ಹಿರಿಯರ ದಾರಿಯಲ್ಲಿಯೇ ಇದ್ದರು. ಎಂದರೆ, ಮಕ್ಕಳು ವಿಚಾರಗಳಿಗಿಂತ ಮೊದಲು ಹೆಸರನ್ನು ಆಸ್ತಿಯಾಗಿ ಪಡೆಯುತ್ತಾರೆ.

ಎರಡನೆಯದು ಸಮುದಾಯ. ಜಾತಿ, ಭಾಷೆ, ಕಸಬು, ಊರು, ಕಾರ್ಮಿಕ ಸಂಘ ಇವುಗಳಲ್ಲಿ ಒಂದರ ಜನರೆಲ್ಲ ಒಂದು ಪಕ್ಷದ ಕಡೆಗೆ ಇದ್ದಾರೆಂಬ ಭಾವನೆ ಬೆಳೆದಾಗ, ಆ ಪಕ್ಷವು ‘ನಮ್ಮವರ ಪಕ್ಷ’ವಾಗುತ್ತದೆ. ಇಲ್ಲಿ ಒಂದು ಎಚ್ಚರಿಕೆ ಅವಶ್ಯ. ‘ವೋಟ್ ಬ್ಯಾಂಕ್’ ಎಂಬ ಶಬ್ದವನ್ನು ಚಲಾವಣೆಗೆ ತಂದವರು ಮೈಸೂರಿನವರೇ ಆದ ಸಮಾಜಶಾಸ್ತ್ರಜ್ಞ ಎಂ. ಎನ್. ಶ್ರೀನಿವಾಸರು. ಮೈಸೂರು ಸೀಮೆಯ ಒಂದು ಹಳ್ಳಿಯನ್ನು ಕುರಿತು ೧೯೫೫ರಲ್ಲಿ ಪ್ರಕಟವಾದ ಪ್ರಬಂಧದಲ್ಲಿ ಅವರು ಅದನ್ನು ಬಳಸಿದರು. ಊರಿನ ಯಜಮಾನನು ತನ್ನ ಆಶ್ರಿತರ ಮತಗಳನ್ನು ಒಟ್ಟಾಗಿ ಒಬ್ಬನಿಗೆ ಕೊಡಿಸುವ ವ್ಯವಸ್ಥೆಗೆ ಆ ಹೆಸರು ಸಲ್ಲುತ್ತದೆ. ಅಲ್ಲಿ ಮತದಾರನ ನಂಟು ಯಜಮಾನನೊಡನೆ, ಪಕ್ಷದೊಡನೆ ಅಲ್ಲ. ಯಜಮಾನನು ಪಕ್ಷವನ್ನು ಬದಲಿಸಿದರೆ ಮತಗಳೂ ಬದಲಾಗುತ್ತವೆ. ಆದುದರಿಂದ ಒಂದು ಓಣಿಯ ಮತಗಳೆಲ್ಲ ಒಂದೇ ಪಕ್ಷಕ್ಕೆ ಬಿದ್ದುವೆಂದರೆ ಅಲ್ಲಿ ಪಕ್ಷದ ನಂಟು ಇದೆಯೆಂದು ಕೂಡಲೇ ನಿರ್ಣಯಿಸಲಾಗದು.

ಮೂರನೆಯದು ಕಾಲ. ತಾರುಣ್ಯದಲ್ಲಿ ಕಂಡ ಮಹಾಘಟನೆಯು ಜೀವಮಾನವೆಲ್ಲ ಅಚ್ಚೊತ್ತಿ ಉಳಿಯುತ್ತದೆ. ಸ್ವಾತಂತ್ರ್ಯ ಸಂಗ್ರಾಮವನ್ನು ಕಂಡ ಪೀಳಿಗೆಗೆ ಕಾಂಗ್ರೆಸ್ ಎಂಬುದು ಒಂದು ಪಕ್ಷವೆಂದು ತೋರುವುದಕ್ಕಿಂತ ದೇಶದ ಮತ್ತೊಂದು ಹೆಸರಾಗಿ ತೋರಿತು. ೧೯೫೧-೫೨ರ ಮೊದಲ ಮಹಾಚುನಾವಣೆಯಲ್ಲಿ ಮತದಾರರ ಸಂಖ್ಯೆ ೧೭ ಕೋಟಿಗೂ ಮೇಲೆ. ೧೯೫೧ರ ಜನಗಣತಿಯಂತೆ ಅಕ್ಷರಸ್ಥರು ನೂರಕ್ಕೆ ೧೮ರಷ್ಟು ಮಾತ್ರ. ಆದುದರಿಂದ ಪ್ರತಿಯೊಬ್ಬ ಉಮೇದುವಾರನಿಗೆ ಪ್ರತ್ಯೇಕ ಪೆಟ್ಟಿಗೆಯನ್ನಿರಿಸಿ, ಅದಕ್ಕೆ ಅವನ ಚಿಹ್ನೆಯನ್ನು ಅಂಟಿಸಿದರು. ಕಾಂಗ್ರೆಸ್ಸಿನ ಚಿಹ್ನೆ ನೊಗ ಹೊತ್ತ ಜೋಡಿ ಎತ್ತು. ಲೋಕಸಭೆಯ ೪೮೯ ಸ್ಥಾನಗಳಲ್ಲಿ ೩೬೪ ಅದಕ್ಕೆ ದೊರೆತವು. ಓದುಬರಹವರಿಯದ ಕೋಟ್ಯಂತರ ಜನಕ್ಕೆ ಆ ಎತ್ತಿನ ಚಿತ್ರವೇ ಪಕ್ಷದ ಮುಖವಾಯಿತು.

ನಂಟು ಉಳಿಯುವ ಬಗೆ

ಹುಟ್ಟಿದ ನಂಟು ತಾನಾಗಿ ಉಳಿಯುವುದಿಲ್ಲ. ಅದನ್ನು ದಿನದಿನವೂ ಪೋಷಿಸುವ ಶಕ್ತಿಗಳಿವೆ. ಅವುಗಳಲ್ಲಿ ಮುಖ್ಯವಾದುದು ಸಂಗ. ೧೯೪೦ರಲ್ಲಿ ಪಾಲ್ ಲಾಜರ್ಸ್‌ಫೆಲ್ಡ್ ಮತ್ತು ಅವರ ಸಹಾಯಕರು ಅಮೆರಿಕದ ಒಹಾಯೊ ಸಂಸ್ಥಾನದ ಈರೀ ಜಿಲ್ಲೆಯಲ್ಲಿ ಸುಮಾರು ೬೦೦ ಮತದಾರರನ್ನು ಮೇ ತಿಂಗಳಿಂದ ನವೆಂಬರಿನವರೆಗೆ ಮತ್ತೆ ಮತ್ತೆ ಕಂಡು ಮಾತನಾಡಿಸಿದರು. ವೃತ್ತಪತ್ರಿಕೆ ಮತ್ತು ರೇಡಿಯೋಗಳ ಪ್ರಚಾರದಿಂದ ಪಕ್ಷಾಂತರ ಹೊಂದಿದವರು ಅಲ್ಪಸಂಖ್ಯಾತರು. ಪ್ರಚಾರವು ಬಹುಮಟ್ಟಿಗೆ ಮೊದಲಿನ ಒಲವನ್ನೇ ಗಟ್ಟಿಮಾಡಿತು. ಮನೆಯವರ, ಗೆಳೆಯರ, ಜೊತೆಯಲ್ಲಿ ದುಡಿಯುವವರ ಮಾತಿಗೆ ಪತ್ರಿಕೆಗಿಂತ ಹೆಚ್ಚಿನ ಬಲವಿತ್ತು. ತನ್ನ ಸುತ್ತ ಇರುವವರೆಲ್ಲ ಒಂದೇ ಮಾತನ್ನಾಡುತ್ತಿರುವಾಗ ಬೇರೆ ಮಾತನ್ನು ಕೇಳುವ ಅವಕಾಶವೇ ಮತದಾರನಿಗೆ ಕಡಮೆ.

ಎರಡನೆಯ ಶಕ್ತಿ ಇನ್ನೂ ಸೂಕ್ಷ್ಮವಾದುದು. ನಂಟು ನಾವು ಕಾಣುವ ಸಂಗತಿಗಳಿಗೇ ಬಣ್ಣ ಕೊಡುತ್ತದೆ. ಅಮೆರಿಕದಲ್ಲಿ ೧೯೮೦ರಲ್ಲಿ ಬೆಲೆಯೇರಿಕೆಯು ಶೇಕಡಾ ೧೩ಕ್ಕೂ ಮೇಲೆ ಇತ್ತು. ರಿಪಬ್ಲಿಕನ್ ಪಕ್ಷದ ರೇಗನ್ನರು ಎಂಟು ವರ್ಷ ಆಳಿದ ಮೇಲೆ, ೧೯೮೮ರಲ್ಲಿ, ಅದು ಶೇಕಡಾ ೪ರ ಆಸುಪಾಸಿಗೆ ಇಳಿದಿತ್ತು. ಆದರೆ ಆ ವರ್ಷದ ಸಮೀಕ್ಷೆಯಲ್ಲಿ ಡೆಮಾಕ್ರಟಿಕ್ ಪಕ್ಷದ ಗಾಢಾಭಿಮಾನಿಗಳಲ್ಲಿ ಅರ್ಧಕ್ಕಿಂತ ಹೆಚ್ಚಿನವರು, ಬೆಲೆಯೇರಿಕೆ ಇನ್ನಷ್ಟು ಕೆಟ್ಟಿದೆಯೆಂದೇ ಉತ್ತರಿಸಿದರು. ಲ್ಯಾರಿ ಬಾರ್ಟೆಲ್ಸ್ ಎಂಬ ವಿದ್ವಾಂಸರು ೨೦೦೨ರಲ್ಲಿ ಈ ಸಂಗತಿಯನ್ನು ಎತ್ತಿ ತೋರಿಸಿದರು. ಈ ದೋಷವು ಒಂದೇ ಪಕ್ಷದವರ ಸೊತ್ತಲ್ಲ. ಡೆಮಾಕ್ರಟರಾದ ಕ್ಲಿಂಟನ್ನರ ಮೊದಲ ಅವಧಿಯಲ್ಲಿ ಸರಕಾರದ ಮುಂಗಡಪತ್ರದ ಕೊರತೆಯು ಅರ್ಧಕ್ಕಿಂತ ಕೆಳಗೆ ಇಳಿದಿದ್ದರೂ, ೧೯೯೬ರಲ್ಲಿ ರಿಪಬ್ಲಿಕನರಲ್ಲಿ ಬಹುಮಂದಿ ಅದು ಹೆಚ್ಚಿದೆಯೆಂದು ನಂಬಿದ್ದರು. ಅಂಗಡಿಯಲ್ಲಿ ಕೊಟ್ಟ ದುಡ್ಡಿನ ಲೆಕ್ಕವೂ ಪಕ್ಷದ ಕನ್ನಡಕದಲ್ಲಿ ಬೇರೆಯಾಗಿ ಕಾಣಬಹುದೆಂದರೆ, ಉಳಿದ ವಿಷಯಗಳ ಪಾಡೇನು?

ಹಾಗಾದರೆ ಮತದಾರನು ಅನುಭವದಿಂದ ಏನನ್ನೂ ಕಲಿಯುವುದಿಲ್ಲವೇ? ಮಾರಿಸ್ ಫಿಯೊರಿನಾ ಎಂಬವರು ೧೯೮೧ರಲ್ಲಿ ಇದಕ್ಕೆ ಬೇರೊಂದು ಉತ್ತರವಿತ್ತರು. ಅವರ ಮತದಂತೆ ನಂಟು ಎಂಬುದು ಒಂದು ಖಾತೆಪುಸ್ತಕ. ಪಕ್ಷದ ಒಳ್ಳೆಯ ಆಡಳಿತವನ್ನು ಜಮೆಯಲ್ಲಿಯೂ ಕೆಟ್ಟುದನ್ನು ಖರ್ಚಿನಲ್ಲಿಯೂ ಬರೆಯುತ್ತ ಮತದಾರನು ಬಾಕಿಯನ್ನು ಮುಂದಕ್ಕೆ ಒಯ್ಯುತ್ತಾನೆ. ಹಳೆಯ ಬಾಕಿ ದೊಡ್ಡದಾಗಿದ್ದರೆ ಹೊಸದೊಂದು ತಪ್ಪಿನಿಂದ ಖಾತೆ ಮುಳುಗುವುದಿಲ್ಲ. ಅದರಿಂದಲೇ ನಂಟು ಸ್ಥಿರವಾಗಿ ತೋರುತ್ತದೆ. ಈ ಎರಡು ಪಂಥಗಳ ವಾದವು ಮುಗಿದಿಲ್ಲ. ಖಾತೆಯೂ ಇದೆ, ಆದರೆ ಬರೆಯುವ ಕರಣಿಕನು ನಿಷ್ಪಕ್ಷಪಾತಿಯಲ್ಲ ಎಂದು ಹೇಳಿದರೆ ಎರಡಕ್ಕೂ ನ್ಯಾಯ ಸಲ್ಲಿಸಿದಂತಾದೀತು.

ನಂಟು ಮುರಿಯುವ ಬಗೆ

ಬೇರೂರಿದ ನಂಟು ಮುರಿಯಬೇಕಾದರೆ ಬಾಳನ್ನೇ ತಟ್ಟುವ ಘಟನೆ ನಡೆಯಬೇಕು. ಇದಕ್ಕೆ ಅಮೆರಿಕದ ಕರಿಯ ಜನರ ಇತಿಹಾಸವು ಉತ್ತಮ ನಿದರ್ಶನ. ಗುಲಾಮಗಿರಿಯನ್ನು ತೊಡೆದ ಲಿಂಕನ್ನರು ರಿಪಬ್ಲಿಕನ್ ಪಕ್ಷದವರು. ಆ ಋಣಭಾವದಿಂದ ಕರಿಯ ಜನರು ಸುಮಾರು ಎಪ್ಪತ್ತು ವರ್ಷ ಅದೇ ಪಕ್ಷವನ್ನು ನೆಚ್ಚಿದ್ದರು. ೧೯೩೦ರ ದಶಕದ ಆರ್ಥಿಕ ಮುಗ್ಗಟ್ಟಿನಲ್ಲಿ ಡೆಮಾಕ್ರಟರಾದ ರೂಸ್‌ವೆಲ್ಟರ ಪರಿಹಾರಕಾರ್ಯಗಳು ಅವರಿಗೆ ಕೂಲಿಯನ್ನೂ ಅನ್ನವನ್ನೂ ಒದಗಿಸಿದವು. ೧೯೩೬ರಲ್ಲಿ ಅವರ ಬಹುಸಂಖ್ಯೆಯ ಮತ ರೂಸ್‌ವೆಲ್ಟರಿಗೆ ಬಿತ್ತು. ೧೯೬೪ರಲ್ಲಿ ಅಧ್ಯಕ್ಷ ಜಾನ್ಸನ್ನರು ನಾಗರಿಕ ಹಕ್ಕುಗಳ ಕಾಯಿದೆಗೆ ಸಹಿ ಹಾಕಿದರು. ಅವರ ಪ್ರತಿಸ್ಪರ್ಧಿ ಗೋಲ್ಡ್‌ವಾಟರರು ಸೆನೆಟ್ಟಿನಲ್ಲಿ ಅದರ ವಿರುದ್ಧ ಮತ ಕೊಟ್ಟಿದ್ದರು. ಆ ವರ್ಷ ಕರಿಯ ಮತದಾರರಲ್ಲಿ ನೂರಕ್ಕೆ ೯೦ಕ್ಕೂ ಹೆಚ್ಚು ಮಂದಿ ಜಾನ್ಸನ್ನರ ಕಡೆಗಾದರು.

ಅದೇ ಕಾಯಿದೆಯು ದಕ್ಷಿಣದ ಬಿಳಿಯರ ನಂಟನ್ನು ಎದುರು ದಿಕ್ಕಿಗೆ ಅಲುಗಿಸಿತು. ಅಂತರ್ಯುದ್ಧದ ಕಹಿನೆನಪಿನಿಂದ ತಲೆಮಾರುಗಳ ಕಾಲ ಡೆಮಾಕ್ರಟರಿಗೆ ಅಂಟಿಕೊಂಡಿದ್ದ ದಕ್ಷಿಣದ ಐದು ಸಂಸ್ಥಾನಗಳು ೧೯೬೪ರಲ್ಲಿ ಗೋಲ್ಡ್‌ವಾಟರರನ್ನು ಗೆಲ್ಲಿಸಿದವು. ಹಾಗಿದ್ದರೂ ದಕ್ಷಿಣದಿಂದ ಪ್ರತಿನಿಧಿಸಭೆಗೆ ಆರಿಸಿ ಹೋಗುವವರಲ್ಲಿ ರಿಪಬ್ಲಿಕನರಿಗೆ ಬಹುಮತ ದೊರೆತುದು ೧೯೯೪ರಲ್ಲಿ! ಅಧ್ಯಕ್ಷನನ್ನು ಆರಿಸುವಾಗ ಬದಲಾದ ಕೈಯು ಊರಿನ ಪ್ರತಿನಿಧಿಯನ್ನು ಆರಿಸುವಾಗ ಬದಲಾಗುವುದಕ್ಕೆ ಮೂವತ್ತು ವರ್ಷಗಳು ಹಿಡಿದವು. ಹಳೆಯ ತಲೆಮಾರು ಸರಿದು ಹೊಸದು ಬಂದ ಮೇಲೆಯೇ ನಂಟು ಪೂರ್ತಿಯಾಗಿ ತಿರುಗಿತು.

ಕರ್ನಾಟಕದ ನಿದರ್ಶನ

ಅಮೆರಿಕದಲ್ಲಿ ಪಕ್ಷಗಳು ಎರಡು. ಹೆಸರುಗಳೂ ನೂರಕ್ಕೂ ಹೆಚ್ಚು ವರ್ಷಗಳಷ್ಟು ಹಳೆಯವು. ನಮ್ಮ ದೇಶದಲ್ಲಿ ಪಕ್ಷಗಳು ಒಡೆಯುತ್ತವೆ, ಕೂಡುತ್ತವೆ, ಹೆಸರನ್ನೂ ಚಿಹ್ನೆಯನ್ನೂ ಬದಲಿಸುತ್ತವೆ. ಪಕ್ಷವೇ ಇಬ್ಭಾಗವಾದಾಗ ಅದರ ನಂಟನ್ನು ಹೊತ್ತವನು ಯಾವ ಭಾಗದೊಡನೆ ಹೋಗುತ್ತಾನೆ? ಈ ಪ್ರಶ್ನೆಯನ್ನು ಪರೀಕ್ಷಿಸುವುದಕ್ಕೆ ಕರ್ನಾಟಕದಂಥ ಪ್ರಯೋಗಶಾಲೆ ಬೇರೊಂದು ದೊರೆಯುವುದು ಕಷ್ಟ.

೧೯೬೯ರಲ್ಲಿ ಕಾಂಗ್ರೆಸ್ ಎರಡಾಯಿತು. ಒಂದು ಬಣಕ್ಕೆ ಪ್ರಧಾನಿ ಇಂದಿರಾ ಗಾಂಧಿಯವರು ನಾಯಕರು. ಇನ್ನೊಂದರಲ್ಲಿ ಅಖಿಲ ಭಾರತ ಅಧ್ಯಕ್ಷರಾಗಿದ್ದ ಎಸ್. ನಿಜಲಿಂಗಪ್ಪನವರು. ಏಕೀಕರಣದ ಹಿರಿಯ ಮುಂದಾಳುವೂ ಹಿಂದಿನ ಮುಖ್ಯಮಂತ್ರಿಗಳೂ ಆದ ಅವರ ಮಾತಿಗೆ ರಾಜ್ಯದಲ್ಲಿ ಬಹಳ ತೂಕವಿತ್ತು. ಆಗಿನ ಮುಖ್ಯಮಂತ್ರಿ ವೀರೇಂದ್ರ ಪಾಟೀಲರೂ ಅದೇ ಬಣದವರು. ಜೋಡಿ ಎತ್ತಿನ ಚಿಹ್ನೆ ಎರಡು ಬಣಗಳಿಗೂ ಇಲ್ಲವಾಯಿತು. ಇಂದಿರಾ ಬಣವು ಹಸು-ಕರುವಿನ ಚಿಹ್ನೆಯನ್ನು ಹಿಡಿಯಿತು. ೧೯೭೧ರ ಲೋಕಸಭಾ ಚುನಾವಣೆಯಲ್ಲಿ ರಾಜ್ಯದ ೨೭ಕ್ಕೆ ೨೭ ಸ್ಥಾನಗಳೂ ಆ ಬಣಕ್ಕೆ ದಕ್ಕಿದವು. ಮರುವರ್ಷ ವಿಧಾನಸಭೆಯ ೨೧೬ರಲ್ಲಿ ೧೬೫ನ್ನು ಗೆದ್ದು ದೇವರಾಜ ಅರಸರು ಮುಖ್ಯಮಂತ್ರಿಗಳಾದರು. ಸಂಘಟನೆ, ಸರಕಾರ, ಹಿರಿಯ ನಾಯಕತ್ವ ಇವು ಒಂದು ಕಡೆ ಉಳಿದವು. ಮತವು ಇನ್ನೊಂದು ಕಡೆ ನಡೆಯಿತು.

೧೯೭೭ರಲ್ಲಿ ಉತ್ತರ ಭಾರತದಲ್ಲಿ ಕಾಂಗ್ರೆಸ್ ನೆಲಕಚ್ಚಿತು. ಇಂದಿರಾ ಗಾಂಧಿಯವರೇ ರಾಯಬರೇಲಿಯಲ್ಲಿ ಸೋತರು. ಕರ್ನಾಟಕದಲ್ಲಿ ಮಾತ್ರ ೨೮ರಲ್ಲಿ ೨೬ ಸ್ಥಾನಗಳು ಆ ಪಕ್ಷಕ್ಕೇ ದೊರೆತವು. ೧೯೭೮ರ ಜನವರಿಯಲ್ಲಿ ಪಕ್ಷ ಮತ್ತೊಮ್ಮೆ ಒಡೆಯಿತು. ‘ಕೈ’ ಚಿಹ್ನೆಯ ಹೊಸ ಇಂದಿರಾ ಕಾಂಗ್ರೆಸ್ಸಿಗೆ ಎರಡು ತಿಂಗಳೂ ತುಂಬಿರಲಿಲ್ಲ. ಫೆಬ್ರವರಿಯ ಚುನಾವಣೆಯಲ್ಲಿ ವಿಧಾನಸಭೆಯ ೨೨೪ ಸ್ಥಾನಗಳಲ್ಲಿ ೧೪೯ನ್ನು ಅದು ಗಳಿಸಿತು. ಇನ್ನೊಂದು ಕಾಂಗ್ರೆಸ್ಸಿಗೆ ಬಂದುವು ಎರಡು. ಎತ್ತು, ಹಸು-ಕರು, ಕೈ ಎಂದು ಒಂಬತ್ತು ವರ್ಷಗಳೊಳಗೆ ಚಿಹ್ನೆ ಮೂರಾದರೂ ಮತದಾರರು ದಾರಿ ತಪ್ಪಲಿಲ್ಲ. ಚಿಹ್ನೆಯು ನಂಟಿನ ಗುರುತೇ ಹೊರತು ನಂಟೇ ಅಲ್ಲವೆಂಬುದು ಇದರಿಂದ ಸಿದ್ಧವಾಗುತ್ತದೆ.

ಇನ್ನು ಮೂರನೆಯ ಪರೀಕ್ಷೆ. ಗೇಣಿದಾರರಿಗೆ ಭೂಮಿಯನ್ನು ಕೊಡಿಸಿದ ಸುಧಾರಣೆಗಳನ್ನೂ ಹಿಂದುಳಿದ ವರ್ಗಗಳಿಗಾಗಿ ಹಾವನೂರು ಆಯೋಗವನ್ನೂ ತಂದವರು ದೇವರಾಜ ಅರಸರು. ೧೯೭೯ರಲ್ಲಿ ಅವರು ಇಂದಿರಾ ಗಾಂಧಿಯವರಿಂದ ಬೇರ್ಪಟ್ಟರು. ಆಗಲೂ ಅಧಿಕಾರ ಅವರ ಕೈಯಲ್ಲಿಯೇ ಇತ್ತು. ಆದರೆ ೧೯೮೦ರ ಲೋಕಸಭಾ ಚುನಾವಣೆಯಲ್ಲಿ ಕರ್ನಾಟಕದ ೨೮ ಸ್ಥಾನಗಳಲ್ಲಿ ೨೭ ಇಂದಿರಾ ಕಾಂಗ್ರೆಸ್ಸಿಗೆ ಹೋದವು; ಅರಸರ ಪಕ್ಷಕ್ಕೆ ಒಂದೂ ಬರಲಿಲ್ಲ. ಕಾರ್ಯವನ್ನು ನಡೆಯಿಸಿದವರು ಒಬ್ಬರಾದರೂ ಅದರ ಜಮೆಯು ಮತದಾರರ ಖಾತೆಯಲ್ಲಿ ಇನ್ನೊಬ್ಬರ ಹೆಸರಿಗೆ ಬಿದ್ದಿತ್ತೆಂದು ತೋರುತ್ತದೆ.

ಇಷ್ಟರಿಂದ ಕರ್ನಾಟಕದ ಮತದಾರರು ಒಬ್ಬ ನಾಯಕಿಗೆ ಕಣ್ಣುಮುಚ್ಚಿ ಶರಣಾದರೆಂದು ಬಗೆಯುವವರಿಗೆ ಮುಂದಿನ ಅಧ್ಯಾಯವು ಉತ್ತರ ಹೇಳುತ್ತದೆ. ೧೯೮೩ರಲ್ಲಿ ರಾಜ್ಯದ ಅಧಿಕಾರವು ಜನತಾ ಪಕ್ಷದ ರಾಮಕೃಷ್ಣ ಹೆಗಡೆಯವರಿಗೆ ಬಂದಿತು. ಇಂದಿರಾ ಗಾಂಧಿಯವರ ಹತ್ಯೆಯ ತರುವಾಯ, ೧೯೮೪ರ ಡಿಸೆಂಬರಿನಲ್ಲಿ ನಡೆದ ಲೋಕಸಭಾ ಚುನಾವಣೆಯಲ್ಲಿ ಕಾಂಗ್ರೆಸ್ ೨೮ರಲ್ಲಿ ೨೪ನ್ನು ಗೆದ್ದಿತು. ಹೆಗಡೆಯವರು ರಾಜೀನಾಮೆಯಿತ್ತು ಹೊಸದಾಗಿ ಜನಾದೇಶವನ್ನು ಬೇಡಿದರು. ೧೯೮೫ರ ಮಾರ್ಚಿಯಲ್ಲಿ ಅದೇ ಮತದಾರರು ವಿಧಾನಸಭೆಯ ೨೨೪ ಸ್ಥಾನಗಳಲ್ಲಿ ೧೩೯ನ್ನು ಜನತಾ ಪಕ್ಷಕ್ಕೆ ಕೊಟ್ಟರು. ದಿಲ್ಲಿಗೆ ಒಬ್ಬರು, ಬೆಂಗಳೂರಿಗೆ ಇನ್ನೊಬ್ಬರು ಎಂಬ ವಿವೇಚನೆಯನ್ನು ಮೂರೇ ತಿಂಗಳಲ್ಲಿ ಅವರು ಮೆರೆದರು.

ಇಂಥ ಪರೀಕ್ಷೆಯು ಮಹಾರಾಷ್ಟ್ರದಲ್ಲಿಯೂ ನಡೆದಿದೆ. ೨೦೨೨ರಲ್ಲಿ ಶಿವಸೇನೆಯೂ ೨೦೨೩ರಲ್ಲಿ ರಾಷ್ಟ್ರವಾದಿ ಕಾಂಗ್ರೆಸ್ಸೂ ಒಡೆದವು. ಚುನಾವಣಾ ಆಯೋಗವು ಮೂಲದ ಹೆಸರು ಮತ್ತು ಚಿಹ್ನೆಗಳನ್ನು ಏಕನಾಥ ಶಿಂದೆ ಮತ್ತು ಅಜಿತ ಪವಾರರ ಬಣಗಳಿಗೆ ಕೊಟ್ಟಿತು. ೨೦೨೪ರ ಲೋಕಸಭಾ ಚುನಾವಣೆಯಲ್ಲಿ ಉದ್ಧವ ಠಾಕರೆಯವರ ಬಣಕ್ಕೆ ೯, ಶಿಂದೆಯವರದಕ್ಕೆ ೭. ಶರದ ಪವಾರರ ಬಣಕ್ಕೆ ೮, ಅಜಿತ ಪವಾರರದಕ್ಕೆ ೧ ಸ್ಥಾನ ದೊರೆತವು. ಆರು ತಿಂಗಳೊಳಗೆ ನಡೆದ ವಿಧಾನಸಭಾ ಚುನಾವಣೆಯಲ್ಲಿ ಶಿಂದೆ ಬಣಕ್ಕೆ ೫೭, ಠಾಕರೆ ಬಣಕ್ಕೆ ೨೦. ಅಜಿತ ಪವಾರ ಬಣಕ್ಕೆ ೪೧, ಶರದ ಪವಾರ ಬಣಕ್ಕೆ ೧೦ ಬಂದವು. ಒಂದು ಚುನಾವಣೆಯ ಉತ್ತರವನ್ನು ನಂಟಿನ ಕೊನೆಯ ಉತ್ತರವೆಂದು ಎಣಿಸುವುದು ಎಷ್ಟು ಅಪಾಯಕರವೆಂಬುದಕ್ಕೆ ಈ ಅಂಕಿಗಳೇ ಸಾಕ್ಷಿ.

ಸ್ಥಾನಗಳ ಸಂಖ್ಯೆಯಿಂದ ಮನಸ್ಸುಗಳನ್ನು ಅಳೆಯುವಾಗ ಇನ್ನೂ ಒಂದು ಜಾಗರೂಕತೆ ಬೇಕು. ಹೆಚ್ಚು ಮತ ಪಡೆದವನೇ ಗೆಲ್ಲುವ ನಮ್ಮ ಪದ್ಧತಿಯಲ್ಲಿ ಮತಗಳ ಸಣ್ಣ ಅಂತರವೂ ಸ್ಥಾನಗಳ ದೊಡ್ಡ ಅಂತರವಾಗಬಲ್ಲದು. ೧೯೫೨ರಲ್ಲಿ ಕಾಂಗ್ರೆಸ್ಸು ಲೋಕಸಭೆಯ ನಾಲ್ಕರಲ್ಲಿ ಮೂರು ಪಾಲು ಸ್ಥಾನಗಳನ್ನು ಪಡೆದುದು ನೂರಕ್ಕೆ ೪೫ರಷ್ಟು ಮತಗಳಿಂದ. ೨೭ ಸ್ಥಾನ ಬಂದಿತೆಂದರೆ ಎಲ್ಲ ಮನೆಗಳ ನಂಟೂ ಒಂದೇ ಎಂದು ಅರ್ಥವಲ್ಲ.

ಗುಣವೂ ದೋಷವೂ

ನಂಟಿನಿಂದ ಪ್ರಯೋಜನವಿಲ್ಲದಿಲ್ಲ. ಸಾಮಾನ್ಯ ಗೃಹಸ್ಥನಿಗೆ ಪ್ರತಿಯೊಂದು ಮಸೂದೆಯನ್ನೂ ಓದಿ, ಪ್ರತಿಯೊಬ್ಬ ಉಮೇದುವಾರನ ಪೂರ್ವೋತ್ತರಗಳನ್ನೂ ಶೋಧಿಸುವಷ್ಟು ಬಿಡುವಿಲ್ಲ. ಪಕ್ಷದ ಹೆಸರು ಅವನಿಗೆ ಕೈದೀವಿಗೆಯಾಗುತ್ತದೆ. ನಂಟುಳ್ಳವರು ಮತಗಟ್ಟೆಗೆ ತಪ್ಪದೆ ಬರುತ್ತಾರೆ. ಯಾವ ನಂಟೂ ಇಲ್ಲದವರಲ್ಲಿ ಅನೇಕರಿಗೆ ರಾಜಕೀಯದ ಅರಿವೂ ಆಸಕ್ತಿಯೂ ಕಡಮೆಯೆಂದು ಮಿಶಿಗನ್ನಿನ ವಿದ್ವಾಂಸರು ಕಂಡಿದ್ದರು. ಸೋತ ದಿನವೂ ಪಕ್ಷವನ್ನು ಬಿಡದವರಿರುವುದರಿಂದಲೇ ವಿರೋಧಪಕ್ಷವು ಬದುಕುತ್ತದೆ. ವಿರೋಧಪಕ್ಷವಿಲ್ಲದ ಪ್ರಜಾಪ್ರಭುತ್ವವು ಹೆಸರಿಗೆ ಮಾತ್ರ ಪ್ರಜಾಪ್ರಭುತ್ವ.

ದೋಷವು ತಲೆದೋರುವುದು ನಂಟು ಕಣ್ಣಿಗೆ ಕಟ್ಟಿದ ಬಟ್ಟೆಯಾದಾಗ. ತನ್ನ ಪಕ್ಷವು ಏನು ಮಾಡಿದರೂ ಮತ ಬರುವುದೆಂದು ಖಾತ್ರಿಯಾದರೆ ಮುಂದಾಳುಗಳಿಗೆ ಜನರ ಭಯವಿರುವುದಿಲ್ಲ. ನೆರೆಯವನ ಪಕ್ಷ ಬೇರೆಯೆಂಬ ಕಾರಣದಿಂದ ಅವನನ್ನೇ ಪರಕೀಯನಾಗಿ ಕಾಣತೊಡಗಿದರೆ ಊರು ಒಡೆಯುತ್ತದೆ. ಅದರಲ್ಲಿಯೂ, ನಾನಾ ಭಾಷೆಯ ಜನರು ಒಂದೇ ಚಾಳಿನಲ್ಲಿ, ಒಂದೇ ಗಲ್ಲಿಯಲ್ಲಿ ನೀರು ನೆಳಲು ಹಂಚಿಕೊಂಡು ಬಾಳುವ ನಮ್ಮಂಥವರಿಗೆ ಇದರ ಅರಿವು ಹೆಚ್ಚಾಗಿ ಇರಬೇಕು.

ವಿದ್ಯಾರ್ಥಿಮಿತ್ರರೇ, ಹಿರಿಯರಿಂದ ಬಂದ ನಂಟನ್ನು ತೊರೆಯಬೇಕೆಂದಾಗಲಿ, ಇಟ್ಟುಕೊಳ್ಳಬೇಕೆಂದಾಗಲಿ ಈ ಲೇಖನವು ಹೇಳುವುದಿಲ್ಲ. ತಂದೆಯಿಂದ ಬಂದ ಹೊಲವನ್ನು ಒಳ್ಳೆಯ ಒಕ್ಕಲಿಗನು ಹಾಗೆಯೇ ಬೀಳುಬಿಡುವುದಿಲ್ಲ, ತಿಳಿಯದೆ ಮಾರುವುದೂ ಇಲ್ಲ. ಮೊದಲು ಮಣ್ಣನ್ನು ಪರೀಕ್ಷಿಸುತ್ತಾನೆ. ಗುಪ್ತಮತದಾನದ ಪದ್ಧತಿಯು ಆ ಪರೀಕ್ಷೆಗಾಗಿ ನಿಮಗೆ ಏಕಾಂತವನ್ನು ಕೊಟ್ಟಿದೆ. ಅಲ್ಲಿ ತಂದೆಯಿಲ್ಲ, ಯಜಮಾನನಿಲ್ಲ, ನೆರೆಹೊರೆಯವರಿಲ್ಲ. ಆ ಕೆಲವು ನಿಮಿಷಗಳಿಗೆ ನೀವು ಸಿದ್ಧರಾಗಬೇಕಾದುದು ಇಂದಿನಿಂದಲೇ. ನಿಮ್ಮ ಒಲವು ಎಲ್ಲಿಂದ ಬಂದಿತೆಂಬುದನ್ನು ನೀವು ಬಲ್ಲವರಾದರೆ ಆ ಮತವು ನಿಮ್ಮದು. ಇಲ್ಲವಾದರೆ ನಿಮ್ಮ ಬೆರಳಿನಿಂದ ಬೇರೆ ಯಾರೋ ಹಾಕಿದ ಮತವದು.

ಅಭ್ಯಾಸಕ್ಕಾಗಿ

೧. ಪಕ್ಷದ ಸದಸ್ಯತ್ವ, ಪಕ್ಷಕ್ಕೆ ಹಾಕಿದ ಮತ, ಪಕ್ಷದ ನಂಟು ಇವುಗಳ ಭೇದವನ್ನು ೧೯೫೨ರ ಅಮೆರಿಕದ ಚುನಾವಣೆಯ ಆಧಾರದಿಂದ ವಿವರಿಸಿರಿ.

೨. ‘ಚಿಹ್ನೆಯು ನಂಟಿನ ಗುರುತೇ ಹೊರತು ನಂಟೇ ಅಲ್ಲ.’ ಕರ್ನಾಟಕದ ೧೯೭೧ ಮತ್ತು ೧೯೭೮ರ ಚುನಾವಣೆಗಳಿಂದ ಈ ಮಾತನ್ನು ಸಮರ್ಥಿಸಿರಿ.

೩. ನಿಮ್ಮ ಮನೆಯ ಹಿರಿಯರು ಮೊದಲ ಸಲ ಮತ ಹಾಕಿದುದು ಯಾವಾಗ, ಯಾವ ಊರಿನಲ್ಲಿ? ಆಗಿನ ಯಾವ ಘಟನೆಯು ಅವರ ನೆನಪಿನಲ್ಲಿ ಉಳಿದಿದೆ? ಯಾರಿಗೆ ಹಾಕಿದರೆಂದು ಕೇಳದೆ, ಇಷ್ಟನ್ನು ಮಾತ್ರ ಕೇಳಿ ಒಂದು ಪುಟ ಬರೆಯಿರಿ.